ಚೆಂಡುಹೂವಿನ ಹಾರ

ಅಕ್ಕಿ ಹಿಡಿದ ಮುಷ್ಟಿಯನ್ನು ದೊಡ್ಡಮಾದಮ್ಮ ಬಿಚ್ಚಲೇ ಇಲ್ಲ.

ಕೊಳ್ಳೇಗಾಲದ ಆ ಮನೆಯ ಮುಂದೆ, ಹಳ್ಳಿಹಳ್ಳಿ ಸುತ್ತಿ ಸರ್ಕಾರಿ ಚಿತ್ರ ತೆಗೆಯುತ್ತಿದ್ದ ಮುತ್ತಯ್ಯನವರನ್ನು ಚಟ್ಟದ ಮೇಲೆ ಮಲಗಿಸಿ ಆಗಿತ್ತು. ಹೆಂಗಸರೆಲ್ಲ ಬಾಯಿಗೆ ಅಕ್ಕಿಕಾಳು ಹಾಕಿ ಸರಿದಿದ್ದರು. ಶಾಗ್ಯದಿಂದ ಮೊದಲ ಬಸ್ಸಿಗೇ ಬಂದಿದ್ದ ಈ ಮುದುಕಿ ಮಾತ್ರ ಸತ್ತವರ ಮುಖವನ್ನೇ ನೋಡುತ್ತ ನಿಂತಿದ್ದಳು.

"ಆಕಮ್ಮೋ, ಬಿಸ್ಲು ಏರ್ತಾ ಅದೆ," ಎಂದ ಹನೂರಿನ ಮಾದಣ್ಣ.

"ತಡೀರಪ್ಪಾ. ಓದ್ಸಲಾನೂ ಇಂಗೇ ಮನಗಿದ್ರು. ಎದ್ರು."

ಜನ ಮುಖ ಮುಖ ನೋಡಿಕೊಂಡರು.

"ಈವಮ್ಮ ಯಾರ್ಲಾ, ನೆಂಟ್ರಾ?" ಎಂದು ನೇಕಾರ ಸಿದ್ದಮಲ್ಲಪ್ಪ ಮಾದಣ್ಣನನ್ನು ಕೇಳಿದ. "ಇವ್ರು ನಮ್ಮ ಮಗ್ಗದ ಪಿಚ್ಚರ್ ತೆಗೀವಾಗ ಈವಮ್ಮನ್ನ ನೋಡ್ಲಿಲ್ವಲ್ಲಾ."

"ಮಗ್ಗದ್ದಾ? ಇವ್ರು ಸಿಡುಬಿನ ಪಿಚ್ಚರ್ ಸಾಹೇಬ್ರು ಕಣ್ಲಾ! ಸೂಜಿ ಚುಚ್ಚಿಸ್ಕಳಿ ಅಂತ ನಮ್ಮೂರಲ್ಲಿ ಪರದೆ ಕಟ್ಟಿದ್ರು."

"ಮತ್ತೆ ಆ ಆನೆ ಪಿಚ್ಚರ್ನೋರು?"

"ಅದೂ ಇವ್ರೇಯಾ."

"ಇಷ್ಟೂ ಒಬ್ರೇನಾ?"

ಬೇರೆ ಯಾರದೋ ಮನೆಗೆ ಬಂದುಬಿಟ್ಟೆನೇನೋ ಎಂಬಂತೆ ಸಿದ್ದಮಲ್ಲಪ್ಪ ಚಟ್ಟದತ್ತ ಮತ್ತೊಮ್ಮೆ ನೋಡಿದ.

*

ಐವತ್ತೆಂಟನೇ ಇಸವಿಯಲ್ಲಿ ಮುತ್ತಯ್ಯನವರು ಶಾಗ್ಯದಲ್ಲಿ ಹಾವು ಕಡಿತದ ಬಗ್ಗೆ ಸರ್ಕಾರಿ ಚಿತ್ರ ತೆಗೆದರು. ಸತ್ತನೆಂದು ಚಟ್ಟಕ್ಕೇರಿಸಿದವನು ಆಸ್ಪತ್ರೆಯಲ್ಲಿ ಎದ್ದು ಕೂರುವ ಕತೆ. ಆದರೆ ಬದುಕಿದ್ದು ಚಟ್ಟ ಏರಲು ಊರಲ್ಲಿ ಒಬ್ಬರೂ ಒಪ್ಪಲಿಲ್ಲ. ಕೊನೆಗೆ ಜೊತೆಗಾರನ ಕೈಗೆ ಕ್ಯಾಮೆರಾ ಕೊಟ್ಟು, ಅಂಗಿ ಬಿಚ್ಚಿ ತಾವೇ ಮಲಗಿದರು. ತಾಯಿಯಾಗಿ ಅಳಲು ದೊಡ್ಡಮಾದಮ್ಮ.

ಚಟ್ಟ ಎತ್ತಿದೊಡನೆ ಹಾರದ ಚೆಂಡುಹೂವು ಮೂಗಿಗೆ ತಗುಲಿ ಮುತ್ತಯ್ಯನವರು ಸೀನಿದರು. ಹೊತ್ತಿದ್ದವರು ಚಟ್ಟ ಬಿಟ್ಟು ಓಡಿದರು. ಮತ್ತೆ ಮಲಗಿಸಿದಾಗ ದೊಡ್ಡಮಾದಮ್ಮ ಹೂವನ್ನು ತಾನೇ ಪಕ್ಕಕ್ಕೆ ಸರಿಸಿ, ಕ್ಯಾಮೆರಾ ಸಿದ್ಧವಾಗುವ ತನಕ ಅವರ ಕಣ್ಣಿಗೆ ಸೆರಗಿನ ನೆರಳು ಹಿಡಿದಿದ್ದಳು.

*

"ಯಾಕವ್ವಾ?" ಮುತ್ತಯ್ಯನವರ ಹೆಂಡತಿ ಮಹಾಲಕ್ಷ್ಮಮ್ಮ ಹತ್ತಿರ ಬಂದು ಕೇಳಿದರು.

ಮುದುಕಿ ಮುಷ್ಟಿಯನ್ನು ಎದೆಗೆ ಒತ್ತಿಕೊಂಡಳು. "ಬದ್ಕಿದ್ದೋರ ಮುಂದೆ ಅತ್ಬುಟ್ಟೆ ಕಣವ್ವಾ ಅವತ್ತು. ಆ ಅಳು ತಟ್ಬುಡ್ತೇನೋ. ಈಗ ಅಕ್ಕಿನೂ ನನ್ ಕೈಲೇ ಆಕ್ಲಾ?"

ನಿನ್ನೆ ಉಣ್ಣುತ್ತ ಕೂತವರು ಹಾಗೇ ಒರಗಿದ್ದು ಮಹಾಲಕ್ಷ್ಮಮ್ಮನವರಿಗೇ ಇನ್ನೂ ಅರ್ಥವಾಗಿರಲಿಲ್ಲ. ಆದರೂ ಆ ಮುಷ್ಟಿಯನ್ನು ತಮ್ಮ ಎರಡೂ ಕೈಯಲ್ಲಿ ಹಿಡಿದುಕೊಂಡರು.

"ಬದುಕಿರೋರ್ನ ಸತ್ತೋದ್ರು ಅಂದ್ರೆ ಆಯಸ್ಸು ಜಾಸ್ತಿ ಆಯ್ತದೆ ಅಂತಾರಲ್ಲವ್ವಾ. ನೀವು ಅತ್ತಿದ್ದಕ್ಕೇ ಇಷ್ಟು ವರ್ಷ ಇದ್ರು. ಶಾಗ್ಯದವ್ವ ಕೊಟ್ಟ ಆಯಸ್ಸು ಅಂತಿದ್ರು."

ಗಂಡ ಹಾಗೆಂದಿದ್ದರೋ ಇಲ್ಲವೋ ಅವರಿಗೇ ನೆನಪಾಗಲಿಲ್ಲ.

ಮುಷ್ಟಿ ಸಡಿಲವಾಯಿತು. ಅಕ್ಕಿಕಾಳು ಮುತ್ತಯ್ಯನವರ ತುಟಿಯ ಮೇಲೆ ಬಿದ್ದವು. ಹೊರುವವರು ಬಾಗಿದರು.

"ತಾಳ್ರಪ್ಪಾ," ಎಂದಳು ದೊಡ್ಡಮಾದಮ್ಮ. ಬಗ್ಗಿ, ಮೂಗಿನ ಹತ್ತಿರವಿದ್ದ ಚೆಂಡುಹೂವನ್ನು ಬೆರಳಿನಿಂದ ಪಕ್ಕಕ್ಕೆ ಸರಿಸಿದಳು. "ಸೀನು ಬತ್ತದೆ ಅವ್ರಿಗೆ."

ಬಾಗಿದವರು ಬಾಗಿದಂತೆಯೇ ನಿಂತರು. ಮಹಾಲಕ್ಷ್ಮಮ್ಮನವರೂ ಉಸಿರು ಬಿಗಿಹಿಡಿದು ಗಂಡನ ಮೂಗನ್ನೇ ನೋಡುತ್ತಿದ್ದರು.