ಓದಿ ಹೇಳದ ತಲಾಖ್‌ನಾಮೆ

ಬೋನಾಳ ಕೆರೆಯ ಮೇಲೆ ಒಂದು ಬಿಳಿ ಹಕ್ಕಿ ಕಾಲು ಇಳಿಬಿಟ್ಟು ನೀರಿಗಿಳಿಯುತ್ತಿದೆ, ಗಾಡಿ ನಿಧಾನಿಸಿದೆ, ಹಕ್ಕಿ ನೋಡಲಿಕ್ಕಲ್ಲ, ಮೌಲಾಬಿಗೆ ಹೇಳಿಬಂದ ಮಾತು ಮುಂದೆ ಹೋಗಗೊಡುತ್ತಿಲ್ಲ ಅದಕ್ಕೆ — ಯಾಕೆ ಹಾಗೆ ಹೇಳಿದೆ, ಅಂಚೆಯವಳು ನಾನು, ಟಪಾಲು ಕೊಟ್ಟು ಹೆಬ್ಬೆಟ್ಟು ಹಾಕಿಸಿಕೊಂಡು ಹೊರಟುಬಿಡಬೇಕಿತ್ತು, ಆದರೆ ಮೌಲಾಬಿಗೆ ಓದಲು ಬಾರದು, ಹೈದರಾಬಾದಿಗೆ ಮನೆ ಕಟ್ಟುವ ಗೌಂಡಿ ಕೆಲಸಕ್ಕೆ ಹೋದ ಗಂಡ ರಾಜೇಸಾಬನ ರಿಜಿಸ್ಟರ್ ಟಪಾಲು ಎಂದದ್ದೇ ಮುಖ ಅರಳಿತು, ಒಡದು ಓದ್ರಿ ಭಾರತಕ್ಕಾ, ಏನ್ ಬರದಾನ ನೋಡೂಣು ಅಂದಳು. ಒಡೆದೆ. ಪತ್ರವಲ್ಲ, ಬಾಂಡ್ ಪೇಪರಿನ ಮೇಲೆ ತಲಾಖ್‌ನಾಮೆ, ಕೆಳಗೆ ಇಬ್ಬರು ಸಾಕ್ಷಿಗಳ ಸಹಿ, ಬರೆದ ದಿನದಿಂದಲೇ ನಮ್ಮ ಸಂಬಂಧ ಮುಗಿದಿದೆ ಎಂಬ ಸಾಲು, ಬರೆದದ್ದು ರಂಜಾನಿಗೂ ಮುಂಚೆ — ಅಂದರೆ ತಿಂಗಳಿಡೀ ರೋಜಾ ಹಿಡಿದು ಇವಳು ಯಾರಿಗಾಗಿ ದುವಾ ಕೇಳಿದಳೋ ಅವನು ಆಗಲೇ ಇವಳನ್ನು ಬಿಟ್ಟಾಗಿತ್ತು, ಅರಾಮ ಅದಾನಿಲ್ಲೋ ಅಂತ ಕೇಳುತ್ತಿದ್ದಾಳೆ, ನನ್ನ ಬಾಯಿ ತಾನಾಗಿ ತೆರೆಯಿತು, ಅರಾಮ ಅದಾನಂತವ್ವಾ. ಬರ್ತಾನಂತೇನ್ರಿ. ತಲೆಯಾಡಿಸಿದೆ, ದೇವರೇ, ತಲೆಯಾಡಿಸಿದೆ, ಯಾಲಕ್ಕಿ ಹಾಕಿ ಚಹಾ ಮಾಡಿಕೊಟ್ಟಳು, ಅದನ್ನೂ ಕುಡಿದೆ. ಈಗ ಅವಳು ಗಂಡ ಬರುತ್ತಾನೆಂದು ಓಣಿಗೆಲ್ಲ ಹೇಳುತ್ತಿರಬೇಕು, ಓದಬಲ್ಲವರು ಯಾರಾದರೂ ಆ ಹಾಳೆ ಎತ್ತಿಕೊಂಡು ನಾಲ್ಕು ಮಂದಿಯೆದುರು ಗಟ್ಟಿಯಾಗಿ ಓದಿಬಿಟ್ಟರೆ, ನನ್ನ ಸುಳ್ಳು ಹೊರಬೀಳುವುದಿರಲಿ, ಅಷ್ಟು ಜನರ ನಡುವೆ ಅವಳು ಒಬ್ಬಳೇ — ಗಾಡಿ ತಿರುಗಿಸಿದೆ.

ಬಾಗಿಲಲ್ಲೇ ನಿಂತಿದ್ದಳು, ಯಾಕ್ರಿ ಅಕ್ಕಾ, ಏನರ ಮರತು ಹೋದ್ರೇನು, ಹೌದವ್ವಾ, ಖರೇ ಹೇಳೂದು ಮರತಿದ್ದೆ, ಒಳಗ ನಡಿ. ಈ ಸಲ ಪೂರ್ತಿ ಓದಿದೆ, ದನಿ ತಗ್ಗಿಸಿ, ಇದನ್ನ ಹಿಂಗ ಬಿಡಬ್ಯಾಡ, ಮಸೀದಿ ಜಮಾತಿನವರನ್ನ ಕೇಳೂಣು, ಸುರಪುರದಾಗ ವಕೀಲರನ್ನ ಕೇಳೂಣು, ನಾನೂ ಬರ್ತೀನಿ, ಮಾತಾಡುತ್ತಲೇ ಇದ್ದೆ, ಸುಮ್ಮನಾಗಲು ಹೆದರಿಕೆ, ಬೈದುಬಿಡಲಿ ಎಂದು ಕಾದೆ, ಬೈದಿದ್ದರೆ ಎದೆಯ ಭಾರ ಇಳಿಯುತ್ತಿತ್ತು, ಬೈಯಲಿಲ್ಲ, ಅಳಲಿಲ್ಲ, ಒಂದೇ ಕೇಳಿದಳು, ಹಂಗಾರ ಅಂವ ಈಗ ನನಗ ಪರಗಂಡಸೇನ್ರಿ, ನಾನು ತಲೆಯೆತ್ತಿದೆ, ಗೋಡೆಯ ಮೇಲೆ ಅವರ ಮದುವೆಯ ಫೋಟೋ, ಅದರೊಳಗಿಂದ ರಾಜೇಸಾಬ ನೇರ ನೋಡುತ್ತಿದ್ದಾನೆ, ಮೌಲಾಬಿ ಎದ್ದು ಆ ಫೋಟೋದ ಎದುರಿಗೆ ತಲೆಯ ಮೇಲೆ ಸೆರಗು ಎಳೆದುಕೊಂಡಳು, ಜಾರಿತು, ಎಳೆದುಕೊಂಡಳು, ಮತ್ತೆ ಜಾರಿತು, ಮತ್ತೆ ಹಣೆಯವರೆಗೆ ಸೆರಗು —