ಕೇಳಿಸದ ಪಾಠ

ಬೆಳಗಾವಿಯ ಆ ಪಿಯು ಕಾಲೇಜಿನಲ್ಲಿ ಶುಕ್ರವಾರ ಮಧ್ಯಾಹ್ನ ರಾಮಲಿಂಗ ಸರ್ ಪಾಠ ಮಾಡಲಿಲ್ಲ. ಬಾಗಿಲು ಮುಚ್ಚಿ, "ಎಲ್ಲಾರೂ ಲ್ಯಾಪ್‌ಟಾಪ್ ತಗದು ಬೆಂಚಿನ ಮ್ಯಾಲ ಇಡ್ರಿ. ಕೈ ಹಚ್ಚಬ್ಯಾಡ್ರಿ" ಎಂದರು. ಮೊದಲ ಬೆಂಚಿನಲ್ಲಿದ್ದ ಮಹೇಕ ತನ್ನದನ್ನು ತೆಗೆದಿಟ್ಟು ಹಿಂದಕ್ಕೆ ತಿರುಗಿದಳು.

ಲ್ಯಾಪ್‌ಟಾಪ್‌ಗಳು ಕಾಲೇಜಿನವು. ಪಠ್ಯಪುಸ್ತಕ, ನಿಘಂಟು, ಕಾಲೇಜಿನ ವಿಡಿಯೋ ಪಾಠ ಬಿಟ್ಟು ಬೇರೇನೂ ತೆರೆಯದಂತೆ ಬಿಗಿ ಮಾಡಿ ಕೊಟ್ಟಿದ್ದರು. ಎಐ ಅಂತೂ ಪೂರಾ ಬಂದ್. ಆದರೂ ಲ್ಯಾಪ್‌ಟಾಪಿನಲ್ಲೇ ಬರೆದ ಹೋದ ಕಿರುಪರೀಕ್ಷೆಯಲ್ಲಿ ಐದಾರು ಮಂದಿಯ ಉತ್ತರಗಳು ಒಂದೇ ಅಚ್ಚಿನಲ್ಲಿ ತೆಗೆದಂತಿದ್ದವು.

ಎರಡನೇ ಬೆಂಚಿನ ಹತ್ತಿರ ಸರ್ ನಿಂತರು. ಯಲ್ಲೇಶನ ಪರದೆಯ ಮೇಲೆ ಎಐ ತೆರೆದೇ ಇತ್ತು.

"ಯಾರು ಕಲಿಸಿದ್ರಪಾ ಇದನ್ನ?"

"ಯಾರೂ ಇಲ್ರಿ. ನಾನ ಹುಡುಕಿದ್ನಿ."

"ಸುಳ್ಳು. ಸೋಮವಾರ ನಿಮ್ಮಪ್ಪನ್ನ ಕರಕೊಂಡು ಬಾ. ಖರೇ ಹೇಳಲಿಲ್ಲಂದ್ರ ಟಿ.ಸಿ. ತಗೊಂಡು ನಡಿ."

ಹಿಂದಕ್ಕೆ ತಿರುಗಿ ಕೂತಿದ್ದ ಮಹೇಕ ಇಬ್ಬರ ತುಟಿಗಳನ್ನೂ ಓದಿದಳು. ಯಲ್ಲೇಶ ಅವಳ ಕಡೆ ನೋಡಲೇ ಇಲ್ಲ.

ಎಐ ತೆರೆಯುವ ದಾರಿ ಹುಡುಕಿದವಳು ಅವಳೇ. ಪಿಯು ಮೊದಲ ವರ್ಷದಲ್ಲಿ ಬಂದ ಜ್ವರಕ್ಕೆ ಅವಳ ಬಲಗಿವಿ ಪೂರಾ ಹೋಗಿ, ಎಡಗಿವಿಯೂ ಮಂದವಾಗಿತ್ತು. ಸರ್ ಎದುರಿಗೆ ನಿಂತು ಹೇಳಿದ್ದು ತುಟಿ ನೋಡಿ ತಿಳಿಯುತ್ತಿತ್ತು. ಬೋರ್ಡಿನ ಕಡೆ ತಿರುಗಿದರೆಂದರೆ ಪಾಠವೆಲ್ಲ ಗಾಳಿಪಾಲು. ಒಂದು ದಿನ ನಿಘಂಟಿನ ಪುಟದ ಬುಡದಲ್ಲಿದ್ದ ಯಾವುದೋ ಕೊಂಡಿ ಒತ್ತಿದಾಗ ಎಐ ತೆರೆದುಕೊಂಡಿತು. ಮೈಕ್ ಹಚ್ಚಿದರೆ ಆಡಿದ ಮಾತು ಅಕ್ಷರವಾಗಿ ಮೂಡುತ್ತಿತ್ತು. ಅವತ್ತು ಸರ್ ಬೆನ್ನು ತಿರುಗಿಸಿ ಆಡಿದ ಚಾಷ್ಟಿಯನ್ನು ಓದಿ, ಎಲ್ಲರೂ ನಕ್ಕು ಮುಗಿಸಿದ ಮೇಲೆ ಅವಳೊಬ್ಬಳೇ ನಕ್ಕಿದ್ದಳು. ಹಿಂದಿನ ಬೆಂಚಿನ ಯಲ್ಲೇಶ ಅದೇನೆಂದು ಕೇಳಿದ. ದಾರಿ ತೋರಿಸಿದಳು, ಕಿವಿಯ ಸಂಗತಿ ಹೇಳಲಿಲ್ಲ. ಅವನು ಗೆಳೆಯರಿಗೆ ಹೇಳಿದ. ಕಿರುಪರೀಕ್ಷೆಯಲ್ಲಿ ಅವರೆಲ್ಲ ಅದರಿಂದಲೇ ಉತ್ತರ ತೆಗೆದರು.

ಶನಿವಾರ ಹಾಸ್ಟೆಲಿನಿಂದ ಖಾನಾಪುರದ ಬಸ್ಸು ಹಿಡಿದು ಮನೆಗೆ ಹೋದಳು. ಅವಳ ಕಿವಿಯ ಸಂಗತಿ ಬಲ್ಲವಳು ಅಮ್ಮಿ ತಸ್ಲೀಮಾ ಒಬ್ಬಳೇ. ನಡೆದದ್ದನ್ನೆಲ್ಲ ಕೇಳಿ ಅಮ್ಮಿ ಗ್ಯಾಸ್ ಆರಿಸಿ, ಮಗಳ ಗದ್ದ ಹಿಡಿದು ತನ್ನ ಕಡೆ ತಿರುಗಿಸಿಕೊಂಡಳು.

"ಕಿವಿ ಸುದ್ದಿ ಹೊರಗ ಬಿದ್ರ ನಾಳಿ ನಿನ್ನ ಯಾರು ಲಗ್ನ ಮಾಡಿಕೊಳ್ತಾರ? ನಿಮ್ಮ ಅಬ್ಬಾಗ ಸೈತ ಹೇಳಿಲ್ಲ ನಾ. ಆ ಹುಡುಗ ಕಾಪಿ ಮಾಡ್ಯಾನ, ಅನುಭವಿಸಲಿ. ನೀ ಸುಮ್ಮನಿರು."

ಸುಮ್ಮನಿದ್ದರೆ ಆ ಕೊಂಡಿಯೂ ಉಳಿದೀತು. ಬಾಯಿ ಬಿಟ್ಟರೆ ಅದೂ ಹೋಗುತ್ತದೆ, ಗುಟ್ಟೂ ಹೋಗುತ್ತದೆ. ವಾರ್ಷಿಕ ಪರೀಕ್ಷೆ ಬೇರೆ ಹತ್ತಿರ ಬಂದಿತ್ತು.

ಸೋಮವಾರ ಯಲ್ಲೇಶನ ಅಪ್ಪ ರಾಯಪ್ಪ, ಮಚ್ಛೆಯ ಕಾರಖಾನೆಯೊಂದರ ವಾಚಮನ್, ಡ್ಯೂಟಿ ಮುಗಿಸಿ ಖಾಕಿ ಅಂಗಿಯಲ್ಲೇ ಬಂದಿದ್ದ. ಪ್ರಿನ್ಸಿಪಾಲ ಕಲ್ಲಯ್ಯನವರ ಕೋಣೆಯ ಗಾಜಿನ ಬಾಗಿಲ ಹೊರಗೆ ಮಹೇಕ ನಿಂತಳು. ಒಳಗೆ ಬಾಯಿಗಳು ತೆರೆದು ಮುಚ್ಚುತ್ತಿದ್ದವು. ಒಂದು ಶಬ್ದವೂ ಅವಳಿಗೆ ಮುಟ್ಟಲಿಲ್ಲ. ರಾಯಪ್ಪ ಮಗನ ಮೇಲೆ ಕೈ ಎತ್ತಿದ್ದು ಕಂಡಿತು. ಬಾಗಿಲು ದೂಡಿ ಒಳಗೆ ಹೋದಳು.

"ಹೊಡೀಬ್ಯಾಡ್ರಿ. ಆ ದಾರಿ ಹುಡುಕಿದಾಕಿ ನಾನು. ಅವಗ ತೋರಿಸಿದ್ದೂ ನಾನ."

ಕಲ್ಲಯ್ಯನವರು ಗದ್ದಕ್ಕೆ ಕೈ ಕೊಟ್ಟು ಏನೋ ಕೇಳಿದರು. ಬೆರಳುಗಳು ಬಾಯಿಗೆ ಅಡ್ಡ ಬಂದವು. ಮತ್ತೊಮ್ಮೆ ಕೇಳಿದರು. ಅವರ ಹುಬ್ಬು ಗಂಟಿಕ್ಕಿತು.

"ಕೇಳಾಕ್ಹತ್ಯಾರಲ್ಲ, ಉತ್ತರ ಕೊಡು" ಎಂದರು ರಾಮಲಿಂಗ ಸರ್.

ಮಹೇಕ ಮೇಜಿನ ಹತ್ತಿರ ಬಂದಳು. "ಬಾಯಿಗಿ ಅಡ್ಡ ಕೈ ತಗೀರಿ ಸರ್. ನನಗ ಕಿವಿ ಕೇಳಂಗಿಲ್ಲ."

ಅವಳು ಚೀಲದಿಂದ ಲ್ಯಾಪ್‌ಟಾಪ್ ತೆಗೆದು, ಆ ಕೊಂಡಿ ಒತ್ತಿ, ಮೈಕ್ ಹಚ್ಚಿ ಮೇಜಿನ ಮೇಲಿಟ್ಟಳು. "ಇದಕ್ಕ ಬೇಕಾಗಿತ್ರಿ. ಏನರ ಮಾತಾಡ್ರಿ, ನೋಡ್ರಿ."

ಮೊದಲು ಬಾಯಿ ತೆರೆದವನು ರಾಯಪ್ಪ. ಅಕ್ಷರಗಳು ಮೂಡಿದವು: ನಿನ್ನ ಹೆಸರೇನವ್ವ.

"ಮಹೇಕ ರೀ."

ಯಲ್ಲೇಶ ಅವಳನ್ನೇ ನೋಡುತ್ತಿದ್ದ. "ನನಗ ಹೇಳಬೇಕಿಲ್ಲೇನ?" ಎಂದ. ಆ ಮಾತೂ ಪರದೆಯ ಮೇಲೆ ಬಂತು.

ಕಲ್ಲಯ್ಯನವರು ಪೂರಾ ಮೆತ್ತಗಾಗಲಿಲ್ಲ. ಕಾಪಿ ಮಾಡಿದವರೆಲ್ಲ ಮತ್ತೆ ಪರೀಕ್ಷೆ ಬರೆಯಬೇಕು. ಯಲ್ಲೇಶ ಒಂದು ವಾರ ಹೊರಗಿರಬೇಕು, ಟಿ.ಸಿ. ಬೇಡ; ಅವಳು ಮೈಕ್ ಹಚ್ಚುವುದಕ್ಕೆ ಆಡಳಿತ ಮಂಡಳಿ ಒಪ್ಪುವ ತನಕ ಮಹೇಕಳ ಲ್ಯಾಪ್‌ಟಾಪ್ ತಮ್ಮ ಕಪಾಟಿನಲ್ಲಿ. ಅಂದೇ ಆ ಕೊಂಡಿ ಮುಚ್ಚಿತು. ಅಬ್ಬಾಗೂ ಫೋನ್ ಹೋಯಿತು.

ಆಮೇಲಿನ ದಿನಗಳಲ್ಲಿ ರಾಮಲಿಂಗ ಸರ್ ಬೋರ್ಡಿನ ಮೇಲೆ ಬರೆದು, ಕೈ ಝಾಡಿಸಿ, ಅವಳ ಕಡೆ ತಿರುಗಿಯೇ ಮಾತಾಡತೊಡಗಿದರು. ಮರೆತು ತಿರುಗಿದ್ದೂ ಉಂಟು. ಲ್ಯಾಪ್‌ಟಾಪ್ ಮರಳಿ ಬಂದಾಗ ಅದರಲ್ಲಿ ಮಾತನ್ನು ಅಕ್ಷರ ಮಾಡುವ ಸೌಲಭ್ಯ ಒಂದನ್ನೇ ತೆರೆದಿದ್ದರು.

ಅಷ್ಟರೊಳಗೆ ಅಬ್ಬಾ ಸನಾಉಲ್ಲಾ ಅವಳನ್ನು ಬೆಳಗಾವಿಯ ಕಿವಿ ಡಾಕ್ಟರ ಹತ್ತಿರ ಕರೆದುಕೊಂಡು ಬಂದಿದ್ದರು. ಅಮ್ಮಿಯೂ ಬಂದಿದ್ದಳು, ಆದರೆ ಗುಟ್ಟು ಹೊರಬಿದ್ದಾಗಿನಿಂದ ಮಗಳೊಡನೆ ಮಾತು ಬಿಟ್ಟಿದ್ದಳು. ಅಬ್ಬಾ ದವಾಖಾನೆಯ ಬೆಂಚಿನ ಮೇಲೆ ಓರೆಯಾಗಿ ಕೂತು, ತುಟಿಗಳನ್ನು ಬೇಕಾದ್ದಕ್ಕಿಂತ ಅಗಲ ಮಾಡಿ ಕೇಳಿದರು:

"ಇಷ್ಟು ದಿನ ಮನ್ಯಾಗ ನಾ ಆಡಿದ್ದು ಭಾಳ ಕೇಳಿಸಿಲ್ಲೇನ ಬೇಟಿ?"

"ಭಾಳ ಕೇಳಿಸಿಲ್ಲ ಅಬ್ಬಾ."

"ಅಂಥಾ ದೊಡ್ಡ ಮಾತೇನ ಇರಲಿಲ್ಲ ಬಿಡು" ಎಂದು ಅವರು ಕಣ್ಣೊರೆಸಿಕೊಂಡರು. ಒಳಗಿಂದ ನರ್ಸ್ ಹೆಸರು ಕೂಗಿದಳೇನೋ. ಅಮ್ಮಿ ಎದ್ದು ಮಹೇಕಳ ಭುಜ ಮುಟ್ಟಿದಳು.