ಸಾರ್ ಊರಲ್ಲಿಲ್ಲ

ತಟ್ಟೆಯನ್ನು ಎದೆಗೆ ಆನಿಸಿಕೊಂಡು ತಿನ್ನುತ್ತಾಳೆ, ಯಾರೋ ಕಿತ್ತುಕೊಂಡುಬಿಡುತ್ತಾರೆ ಎನ್ನುವ ಹಾಗೆ, ಕಣ್ಣು ಮಾತ್ರ ಬಾಗಿಲ ಮೇಲೆ, ಉಪ್ಪಿಟ್ಟು ಬಿಸಿಯಿದೆಯೋ ಆರಿದೆಯೋ ನೋಡುವುದಿಲ್ಲ, ಏಳೆಂಟು ತುತ್ತಿಗೆ ತಟ್ಟೆ ಖಾಲಿ, ಇನ್ನೊಂಚೂರು ಹಾಕ್ಲಾ ಸುಮಾ ಅಂದರೆ ಸಾಕಮ್ಮ, ಹೊಟ್ಟೆ ಚಿಕ್ಕದಾಗ್ಬುಟ್ಟಿದೆ ಎಂದು ನಗುತ್ತಾಳೆ, ಮುಂದಿನ ಎರಡು ಹಲ್ಲಿಲ್ಲ. ನಲವತ್ತೈದಾಗಿರಬೇಕು ಇವಳಿಗೆ. ಈ ಮನೆಗೆ ಮೊದಲು ಬಂದಾಗ ಎಂ.ಎ. ಓದುತ್ತಿದ್ದಳು, ಕೆಸರೆಯ ಕೇರಿಯಿಂದ ಸಿಟಿ ಬಸ್ಸಿನಲ್ಲಿ ಬರುತ್ತಿದ್ದಳು, ಎಣ್ಣೆ ಹಚ್ಚಿ ಬಿಗಿಯಾಗಿ ಹೆಣೆದ ಜಡೆ, ಜೊತೆಗೆ ಶಿವರಾಮು, ಆಗಿನ್ನೂ ಸ್ನೇಹಿತ, ಆಮೇಲೆ ಗಂಡ, ಇಬ್ಬರೂ ನಮ್ಮ ಯಜಮಾನರ ವಿದ್ಯಾರ್ಥಿಗಳು, ಇಬ್ಬರಿಗೂ ಇವರ ಮಾತೆಂದರೆ ಮಾತು. ಆಮೇಲೆ ಹದಿನೆಂಟು ವರ್ಷ ಕಾಡು, ಬಂದೂಕು, ಪೊಲೀಸರ ಪಟ್ಟಿಯಲ್ಲಿ ಫೋಟೋ, ಹೋದ ವರ್ಷ ಶರಣಾಗತಿ, ಒಂಬತ್ತು ತಿಂಗಳು ಜೈಲು, ಈಗ ಜಾಮೀನು, ಈಗ ನಮ್ಮ ಗೋಕುಲಂ ಮನೆಯ ಹಾಲ್‌ನಲ್ಲಿ ನನ್ನ ಉಪ್ಪಿಟ್ಟು. ಎದುರಿಗೆ ಸೋಫಾದ ಮೇಲೆ ನನ್ನ ಗಂಡ, ಪ್ರೊಫೆಸರ್ ವಾಗೀಶ, ಎಪ್ಪತ್ತೆರಡು ವರ್ಷ, ಬಿಳಿ ಗಡ್ಡ, ಗಡ್ಡದಲ್ಲಿ ಉಪ್ಪಿಟ್ಟಿನ ಒಂದು ಚೂರು, ಮಾತಾಡುತ್ತ ಮಾತಾಡುತ್ತ ಅದೂ ಅಲ್ಲಾಡುತ್ತದೆ, ಜನ ಅಂದಾಗ ಕೆಳಕ್ಕೆ, ಪ್ರಭುತ್ವ ಅಂದಾಗ ಮೇಲಕ್ಕೆ. ಒರೆಸಿಕೊಳ್ಳಿ ಎಂದು ಸನ್ನೆ ಮಾಡಬಹುದು. ಮಾಡುವುದಿಲ್ಲ. ನಲವತ್ತಾರು ವರ್ಷದಿಂದ ಮಾಡಿದ್ದೇನೆ, ಗಡ್ಡ ಒರೆಸಿಕೊಳ್ಳಿ, ಜಿಪ್ಪು ಹಾಕಿಕೊಳ್ಳಿ, ಭಾಷಣದ ಹಾಳೆ ಮರೆತಿದ್ದೀರಿ, ಇವತ್ತು ಅಂಟಿಕೊಂಡೇ ಇರಲಿ.

ಶರಣಾಗತಿ ಅನ್ನೋ ಪದಾನೇ ನನಗೆ ಒಪ್ಪಿಗೆ ಇಲ್ಲಮ್ಮ, ಅನ್ನುತ್ತಿದ್ದಾರೆ. ಇವರಿಗೆ ಒಪ್ಪಿಗೆ ಇಲ್ಲವಂತೆ. ಚಾಮುಂಡಿ ಬೆಟ್ಟದ ಐವತ್ತನೇ ಮೆಟ್ಟಿಲಿಗೇ ಸಾಕೆಂದು ಇಳಿದು ಆಟೋ ಹಿಡಿದವರು. ನೀನು ಸೈದ್ಧಾಂತಿಕವಾಗಿ ಯಾವ ಹಂತದಲ್ಲಿ ಬೇರೆ ದಾರಿ ಯೋಚಿಸಿದೆ, ಅದು ನನಗೆ ಮುಖ್ಯ, ಭಾನುವಾರದ ಭಾಷಣಕ್ಕೆ ಬೇಕು. ಮಂಡಿ ನೋವು ಸಾರ್, ಅನ್ನುತ್ತಾಳೆ ಸುಮಾ. ಮಂಡಿ? ಊಂ ಸಾರ್, ಹತ್ತೋಕೆ ಆಗ್ತಿರಲಿಲ್ಲ, ನನ್ನ ಹೊತ್ಕೊಂಡು ಹೋಗೋಷ್ಟು ಜನಾನೂ ಉಳಿದಿರಲಿಲ್ಲ, ಆರೇ ಜನ ಇದ್ವಿ. ಇವರಿಗೆ ಮಂಡಿ ಬೇಡ, ಹಂತ ಬೇಕು, ಪೆನ್ನು ಹಿಡಿದು ಕೂತಿದ್ದಾರೆ. ಸಶಸ್ತ್ರ ಹೋರಾಟದ ಮೇಲೆ ಐನೂರು ಪುಟದ ಪುಸ್ತಕ ಬರೆದಿದ್ದಾರೆ, ಭಾನುವಾರ ಬಿಡುಗಡೆ, ವೇದಿಕೆಯ ಮೇಲೆ ಇವಳನ್ನು ಪಕ್ಕದಲ್ಲಿ ಕೂರಿಸಿಕೊಳ್ಳಬೇಕು, ಅದಕ್ಕೇ ಕರೆಸಿದ್ದು, ಉಪ್ಪಿಟ್ಟಿಗೆ ಗೋಡಂಬಿ ಹಾಕು ಅಲಮೇಲು ಎಂದದ್ದೂ ಅದಕ್ಕೇ. ತಲೆಯ ಮೇಲೆ ಧಡ್ ಎಂದು ಸದ್ದು, ಮಹಡಿಯಲ್ಲಿ ಬಾಡಿಗೆಗಿರುವ ಪರದೇಶದ ಹುಡುಗಿ ಯೋಗ ಮಾಡುತ್ತ ಬಿದ್ದಿರಬೇಕು, ಸುಮಾ ತಟ್ಟೆ ಹಿಡಿದುಕೊಂಡೇ ಅರ್ಧ ಎದ್ದುಬಿಟ್ಟಳು, ಮೈಯೆಲ್ಲ ಕಿವಿ, ಏನಿಲ್ಲಮ್ಮ ಯೋಗ ಎಂದೆ, ಕೂತಳು. ಇವರು ನೋಡಲೇ ಇಲ್ಲ, ಏನೋ ಬರೆದುಕೊಳ್ಳುತ್ತಿದ್ದರು.

ಆಗಲೂ ಹೀಗೇ, ಇದೇ ಹಾಲ್‌, ಚಾಪೆಯ ಮೇಲೆ ಏಳೆಂಟು ಹುಡುಗ ಹುಡುಗಿಯರು, ಇವರು ಗೋಡೆಗೊರಗಿ, ಬೆಟ್ಟದ ಜನ ಕಾಯ್ತಿದ್ದಾರೆ, ಓದು ಅಲ್ಲಿದೆ, ಲೈಬ್ರರೀಲಿ ಇಲ್ಲ. ಅತ್ತೆ ಬದುಕಿದ್ದ ಕಾಲ, ಕೆಸರೆಯ ಮಕ್ಕಳಿಗೆಂದು ನಾಲ್ಕು ಸ್ಟೀಲ್ ಲೋಟ ಬೇರೆ ಇಟ್ಟಿದ್ದರು, ಹಿತ್ತಲ ಬಾಗಿಲ ಪಕ್ಕ. ಇವರು ಒಂದು ದಿನ ಎಲ್ಲರೆದುರಿಗೆ ಆ ಲೋಟಗಳನ್ನು ಬೀದಿಗೆಸೆದು ಅಜ್ಜನಿಗೆ ಅರಮನೆಯಿಂದ ಬಂದಿದ್ದ ಬೆಳ್ಳಿ ಲೋಟದಲ್ಲಿ ಶಿವರಾಮುಗೆ ಕಾಫಿ ಕೊಟ್ಟರು, ಬೆಳ್ಳಿ ಸುಟ್ಟಿತು, ಅರ್ಧ ಚೆಲ್ಲಿತು. ಎಷ್ಟು ಭಾಷಣಗಳಲ್ಲಿ ಹೇಳಿದ್ದಾರೆ ಆ ಬೆಳ್ಳಿ ಲೋಟದ ಕಥೆ! ಚೆಲ್ಲಿದ್ದನ್ನು ಯಾರು ಒರೆಸಿದರು ಎಂದು ಯಾವ ಭಾಷಣದಲ್ಲೂ ಬಂದಿಲ್ಲ. ಆ ಮಕ್ಕಳು ನಂಬಿದರು. ಇಬ್ಬರು ಪರೀಕ್ಷೆ ಬಿಟ್ಟು ಹೋದರು, ಇವಳು, ಅವನು. ಸುಮಾಳ ತಾಯಿ ಸೋಮಮ್ಮ ಗೇಟಿನ ಹೊರಗೆ ನಿಂತು, ನನ್ ಮಗಳು ಎಲ್ಲಿ ಅಂತ ಹೇಳ್ಬುಡಿ ಸೋಮಿ, ಬಯ್ಯಕ್ಕಿಲ್ಲ, ಒಡೆಯಕ್ಕಿಲ್ಲ ಎಂದು ಕೇಳಿದಾಗ ಇವರು ಅವಳಿಗೆ ಇತಿಹಾಸ ವಿವರಿಸಿದರು. ನಿಂತು ಕೇಳಿದಳು ಪಾಪ, ಕೈಮುಗಿದು ಹೋದಳು. ನಾನು ಒಳಗೆ ಹೋಗಿ ಹುಳಿಗೆ ಒಗ್ಗರಣೆ ಹಾಕಿದೆ.

ಈಗ ಸುಮಾ ತಟ್ಟೆ ಕೆಳಗಿಟ್ಟಳು. ಸಾರ್, ಒಂದು ಕೇಳ್ಲಾ. ಕೇಳಮ್ಮ. ಭಾನುವಾರ ಬತ್ತೀನಿ, ಎಲ್ಲಿ ಕೂತ್ಕೋ ಅಂದ್ರೆ ಅಲ್ಲಿ ಕೂತ್ಕೋತೀನಿ, ಇದೊಂದು ಹೇಳಿ, ಅವತ್ತು ಶಿವರಾಮು ಇಲ್ಲಿಗೆ ಬಂದಿದ್ನಾ. ಮಲೇರಿಯಾ ಬಂದಿತ್ತು ಸಾರ್, ಎರಡನೇ ಸಲ, ಅಲ್ಲೇ ಇದ್ರೆ ಸಾಯ್ತಾನೆ ಅಂತ ನಾನೇ ಕಳಿಸ್ದೆ, ನಾಲ್ಕು ದಿನ ಇಟ್ಕೊಳ್ಳಿ, ಜ್ವರ ಬಿಟ್ಟಮೇಲೆ ಹೊರಟೋಗ್ತಾನೆ ಅಂತ ನಾನೇ ಚೀಟಿ ಬರ್ದಿದ್ದೆ, ಚೀಟಿ ನಿಮಗೆ ತಲುಪ್ತಾ. ಇವರು ಕನ್ನಡಕ ತೆಗೆದರು, ಬಟ್ಟೆಯಿಂದ ಒರೆಸಿದರು, ಮತ್ತೆ ಹಾಕಿಕೊಂಡರು. ನಾನು ಊರಲ್ಲೇ ಇರಲಿಲ್ಲಮ್ಮ, ದೆಹಲಿಯಲ್ಲಿ ಸೆಮಿನಾರ್, ಆ ನೋವು ನನಗೆ ಇವತ್ತಿಗೂ ಇದೆ. ಅತ್ತರು. ನಿಜವಾಗಿ ಅತ್ತರು, ಅದೇ ಅಸಹ್ಯ, ನಟನೆಯಾದರೆ ತಡೆದುಕೊಳ್ಳಬಹುದಿತ್ತು, ಈ ಮನುಷ್ಯ ತನ್ನ ಸುಳ್ಳನ್ನು ತಾನೇ ನಂಬಿ ಅಳುತ್ತಾನೆ, ಕಣ್ಣೀರು ಇಳಿದು ಗಡ್ಡದ ಚೂರಿನ ಹತ್ತಿರ ಬಂದು ನಿಂತಿದೆ.

ಹದಿನಾರು ವರ್ಷದ ಹಿಂದೆ, ಏಪ್ರಿಲ್, ಬೆಳಗಿನ ಹತ್ತೂವರೆ, ಸುಡುವ ಬಿಸಿಲು, ಗೇಟಿನಲ್ಲಿ ಸ್ವೆಟರ್ ಹಾಕಿಕೊಂಡ ಗಡ್ಡದವನು, ತುಟಿ ಒಡೆದಿದೆ, ಹಲ್ಲು ಕಟಕಟ, ಅಮ್ಮ ನಾನು ಶಿವರಾಮು, ಸಾರ್‌ಗೆ ಇದು ಕೊಡಿ. ಚೀಟಿ ತಂದೆ. ಹಿಂದಿನ ರೂಮಿನಲ್ಲಿ ಇವರು ಓದಿದರು, ಮುಖ ಬೂದಿಯಾಯಿತು, ನಮ್ಮ ಮನೆ ಮೇಲೆ ಪೊಲೀಸರ ಕಣ್ಣಿದೆ ಕಣೆ, ಪೆನ್ಶನ್ ಹೋಗುತ್ತೆ, ನಾನಿಲ್ಲ ಅನ್ನು, ದೆಹಲಿಗೆ ಹೋಗಿದಾರೆ ಅನ್ನು, ಚೀಟಿ ಸ್ಟವ್‌ಗೆ ಹಿಡಿ. ಹಿಡಿದೆ. ಗೇಟಿಗೆ ಬಂದೆ. ಸಾರ್ ಊರಲ್ಲಿಲ್ಲಪ್ಪ, ದೆಹಲಿಗೆ ಹೋಗಿದ್ದಾರೆ. ಅಷ್ಟರಲ್ಲಿ ಒಳಗಿನಿಂದ ಇವರ ಕೆಮ್ಮು, ಆ ಕೆಮ್ಮನ್ನು ಅವನು ಎರಡು ವರ್ಷ ತರಗತಿಯಲ್ಲಿ ಕೇಳಿದ್ದವನು, ನನ್ನ ಮುಖ ನೋಡಿದ, ತಲೆ ತಗ್ಗಿಸಿದ, ಸರಿ ಅಮ್ಮ ಅಂದ, ಅಷ್ಟೇ. ಮೂರನೇ ದಿನ ಪೇಪರಿನಲ್ಲಿ ಎರಡೇ ಸಾಲು, ಇಲವಾಲದ ಬಸ್ ತಂಗುದಾಣದಲ್ಲಿ ಅಪರಿಚಿತ ವ್ಯಕ್ತಿಯ ಶವ, ಸ್ವೆಟರ್ ಧರಿಸಿದ್ದ. ಇವರಿಗೆ ತೋರಿಸಿದೆ, ಯಾರೋ ಭಿಕ್ಷುಕ ಇರಬೇಕು ಎಂದು ಕ್ರೀಡಾ ಪುಟ ತಿರುಗಿಸಿದರು. ಏಳು ತಿಂಗಳ ಮೇಲೆ ಕಾಡಿನ ಪಕ್ಷದವರು ಅವನ ಹೆಸರು ಹಾಕಿ ಕರಪತ್ರ ತಂದಾಗ ಅದೇ ಕೈಯಲ್ಲಿ ಹುತಾತ್ಮ ಎಂದು ಮೂರು ಪುಟ ಬರೆದರು, ಕರಡು ತಿದ್ದಿದವಳು ನಾನು.

ಇದ್ರು, ಅಂದೆ. ನನ್ನ ದನಿಯೇ. ಇಬ್ಬರೂ ತಿರುಗಿದರು. ಅಲಮೇಲು, ಅಂದರು ಇವರು. ಇದ್ರು ಸುಮಾ, ಹಿಂದಿನ ರೂಮಲ್ಲಿ ಇದ್ರು, ಚೀಟಿ ಓದಿದ್ರು, ಊರಲ್ಲಿಲ್ಲ ಅಂತ ಹೇಳಿ ಕಳಿಸಿದ್ದು ನಾನು. ಅಲಮೇಲು, ನಿನಗೆ ನೆನಪು ಸರಿಯಿಲ್ಲ, ಇವಳಿಗೆ ಈಚೆಗೆ ಮರೆವು ಕಣಮ್ಮ — ಮರೆವು, ನನಗೆ! ಸುಮಾ ಅವರ ಕಡೆ ನೋಡಲಿಲ್ಲ, ಒಂದು ಸಲವೂ ನೋಡಲಿಲ್ಲ, ಹದಿನೆಂಟು ವರ್ಷ ನಂಬಿದ ಗುರುವನ್ನು ಕುರ್ಚಿ ಮೇಜಿನ ಹಾಗೆ ಬದಿಗೆ ಬಿಟ್ಟು ನನ್ನ ಹತ್ತಿರ ಬಂದಳು, ಮಂಡಿ ಎಳೆಯುತ್ತ. ಬೈಯುತ್ತಾಳೆ ಎಂದುಕೊಂಡೆ, ಹೊಡೆದರೂ ಹೊಡೆಯಲಿ ಎಂದುಕೊಂಡೆ. ಎಂಗಿದ್ದ ಅಮ್ಮ, ಅಂದಳು. ಅವನ್ನ ಕೊನೇಲಿ ನೋಡ್ದೋರು ನೀವೇ ಕಣಮ್ಮ, ಎಂಗಿದ್ದ, ನಡೆಯೋಕಾಗ್ತಿತ್ತಾ. ಆಗ್ತಿತ್ತು. ನನ್ನ ಹೆಸರು ಹೇಳಿದ್ನಾ. ಇಲ್ಲಮ್ಮ. ನೀರು ಕೇಳಿದ್ನಾ. ಕೇಳಿದ, ತೋಟದ ನಲ್ಲಿ ತೋರಿಸಿದೆ, ಬೊಗಸೆಯಲ್ಲಿ ಕುಡಿದ. ಕುಡಿದ್ನಲ್ಲ, ಅಷ್ಟು ಸಾಕು, ಎಂದು ಕಣ್ಣು ಮುಚ್ಚಿದಳು, ನನ್ನ ಎರಡೂ ಕೈ ಹಿಡಿದುಕೊಂಡಳು, ಒರಟು ಕೈ, ಬಿಸಿ ಕೈ, ಆಮೇಲೆ?

ಆಮೇಲೆ ಹೋದ. ಆಮೇಲೆ ಹೋದ ಎಂದೆ, ಅಲ್ಲಿಗೆ ನಿಲ್ಲಿಸಿದೆ, ಅವಳು ನನ್ನ ಕೈ ಬಿಡುತ್ತಿಲ್ಲ, ಬಿಡಿಸಿಕೊಳ್ಳಬೇಕು, ಈ ಕೈ ಅವಳು ಹಿಡಿಯಬಾರದು, ಅವನು ರಸ್ತೆ ದಾಟುವುದನ್ನೂ ಕಾಯದೆ ನಾನು ಒಳಗೆ ಹೋಗಿ ನೆಲ ಒರೆಸುವ ಬಟ್ಟೆ ತಂದೆ, ಬಕೆಟ್ಟಿಗೆ ಫಿನಾಯಿಲ್ ಹಾಕಿದೆ, ಅವನು ಹಿಡಿದಿದ್ದ ಗೇಟಿನ ಚಿಲಕ ಒರೆಸಿದೆ, ನಲ್ಲಿಯ ತಿರುಪು ಒರೆಸಿದೆ, ಪೊಲೀಸರಿಗೆ ಬೆರಳಚ್ಚು ಸಿಗಬಾರದೆಂದು ಅಂದುಕೊಂಡೆ, ಜ್ವರ ಅಂಟುತ್ತದೆಂದು ಅಂದುಕೊಂಡೆ, ಮಲೇರಿಯಾ ಚಿಲಕದಿಂದ ಅಂಟುವುದಿಲ್ಲ, ಬಿ.ಎಸ್ಸಿ. ಓದಿದವಳು ನಾನು, ನನಗೆ ಗೊತ್ತಿತ್ತು, ಲೋಟ ಬೇರೆ ಇಟ್ಟವರು ಅತ್ತೆ, ನಾನಲ್ಲ, ಅತ್ತೆ ಸತ್ತು ಅಷ್ಟು ಹೊತ್ತಿಗೆ ಮೂರು ವರ್ಷ, ಮನೆಯಲ್ಲಿ ಯಾರೂ ಹೇಳಲಿಲ್ಲ, ಒರೆಸು ಎಂದು ಯಾರೂ ಹೇಳಲಿಲ್ಲ, ಒಂದು ಸಲ ಒರೆಸಿದೆ, ಮತ್ತೆ ಒರೆಸಿದೆ, ಚಿಲಕ ಹೊಳೆಯತೊಡಗಿತು, ಆ ಬಟ್ಟೆಯನ್ನು ಎರಡೇ ಬೆರಳಲ್ಲಿ ಹಿಡಿದು, ಮೈಗೆ ತಾಗದ ಹಾಗೆ ದೂರ ಹಿಡಿದು, ಎರಡೇ ಬೆರಳಲ್ಲಿ —